ಗಾಂಜಾ ಕೇಸು: ಹಿಡಿದ ದಿನದಿಂದ ಅಪೀಲಿನವರೆಗೆ ಕಾನೂನು ಕೊಟ್ಟಿರುವ ರಕ್ಷಣೆ



ಮಾದಕ ವಸ್ತುಗಳ ವಿಷಯ ಬಂದಾಗಲೆಲ್ಲ ನಮ್ಮ ಸಂಘದ ಸಭೆಗಳಲ್ಲಿ ಹೆಚ್ಚಾಗಿ ಚಟ ಬಿಡಿಸುವ ಬಗ್ಗೆ ಮಾತನಾಡುತ್ತೇವೆ. ಅದು ಬೇಕಾದ ಮಾತೇ. ಆದರೆ ಮಗನನ್ನೋ ಗಂಡನನ್ನೋ ತಮ್ಮನನ್ನೋ ಗಾಂಜಾ ಕೇಸಿನಲ್ಲಿ ಹಿಡಿದುಕೊಂಡು ಹೋದಾಗ ಮನೆಯ ಹೆಂಗಸಿಗೆ ಏನು ಮಾಡಬೇಕೆಂದು ತೋಚುವುದಿಲ್ಲ. ಠಾಣೆಯ ಬಾಗಿಲಲ್ಲಿ ನಿಂತು ಅಳುತ್ತಾಳೆ, ಸಿಕ್ಕವರ ಕಾಲು ಹಿಡಿಯುತ್ತಾಳೆ, ಕೊನೆಗೆ ಬಡ್ಡಿಗೆ ಸಾಲ ತೆಗೆದು ಯಾರದೋ ಕೈಗೆ ಕೊಡುತ್ತಾಳೆ. ಈ ಪಾಠ ಅಂಥ ಹೊತ್ತಿಗಾಗಿ.

"ಸಿಸ್ಟರ್, ಇದೆಲ್ಲ ಕಲಿತರೆ ಗಾಂಜಾ ಮಾರುವವರಿಗೆ ತಪ್ಪಿಸಿಕೊಳ್ಳಲು ದಾರಿ ತೋರಿಸಿದ ಹಾಗೆ ಆಗೋದಿಲ್ವಾ?" ಅಂತ ಕೆಲವರು ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ. ಉತ್ತರ ನಮ್ಮ ಸಂಘದ ಪಾಸ್‌ಬುಕ್ಕಿನಲ್ಲೇ ಇದೆ.

ಇಬ್ಬರ ಸಹಿ ಯಾಕೆ ಬೇಕು?

ಸಂಘದ ಖಾತೆಯಿಂದ ಹಣ ತೆಗೆಯಬೇಕಾದರೆ ಠರಾವು ಬೇಕು, ಪ್ರತಿನಿಧಿಗಳ ಸಹಿ ಬೇಕು. ನಮ್ಮ ಪ್ರತಿನಿಧಿ ಒಳ್ಳೆಯವಳೇ. ಆದರೂ ಒಬ್ಬಳ ಮಾತಿನ ಮೇಲೆ ಬ್ಯಾಂಕಿನವರು ಹಣ ಕೊಡುವುದಿಲ್ಲ. ಇದು ಅವಳ ಮೇಲಿನ ಅಪನಂಬಿಕೆಯಲ್ಲ. ನಿಯಮ ಇದ್ದರೆ ಸಂಘಕ್ಕೂ ರಕ್ಷಣೆ, ನಾಳೆ ಯಾರಾದರೂ ಅಪವಾದ ಹೊರಿಸಿದರೆ ಅವಳಿಗೂ ರಕ್ಷಣೆ.

ಮಾದಕ ವಸ್ತು ಕಾಯ್ದೆಯಲ್ಲಿ ಪೊಲೀಸರಿಗೆ ಹಾಕಿರುವ ನಿಯಮಗಳೂ ಹೀಗೆಯೇ. ನಿಜವಾಗಿ ಮಾರಿದವನ ಮೇಲಿನ ಕೇಸು ಗಟ್ಟಿಯಾಗಿ ನಿಲ್ಲಬೇಕಾದರೂ ನಿಯಮ ಪಾಲನೆಯಾಗಬೇಕು. ಏನೂ ಮಾಡದವನ ಚೀಲಕ್ಕೆ ಯಾರೋ ಪೊಟ್ಟಣ ಹಾಕಿದ್ದರೆ ಅವನನ್ನು ಉಳಿಸುವುದೂ ಅದೇ ನಿಯಮ.

ಈ ಕಾಯ್ದೆ ಎಷ್ಟು ಕಠಿಣ?

ಮಾದಕ ದ್ರವ್ಯ ಮತ್ತು ಮನೋಪರಿಣಾಮಕ ಪದಾರ್ಥಗಳ ಕಾಯ್ದೆ 1985ರಲ್ಲಿ ಬಂತು. ಎನ್‌ಡಿಪಿಎಸ್ ಕಾಯ್ದೆ ಅಂತ ಕರೆಯುತ್ತಾರೆ. ಇದರಲ್ಲಿ ಶಿಕ್ಷೆ ತೂಕದ ಮೇಲೆ ನಿಂತಿದೆ. ಗಾಂಜಾದ ಲೆಕ್ಕ ಹೀಗಿದೆ:

• 1 ಕೆ.ಜಿ.ವರೆಗೆ ಸಣ್ಣ ಪ್ರಮಾಣ: 1 ವರ್ಷದವರೆಗೆ ಸಜೆ, ಅಥವಾ 10,000 ರೂಪಾಯಿವರೆಗೆ ದಂಡ, ಅಥವಾ ಎರಡೂ.
• 1 ಕೆ.ಜಿ.ಗಿಂತ ಹೆಚ್ಚು, ಆದರೆ ವಾಣಿಜ್ಯ ಪ್ರಮಾಣಕ್ಕಿಂತ ಕಡಿಮೆ: 10 ವರ್ಷದವರೆಗೆ ಸಜೆ, 1 ಲಕ್ಷದವರೆಗೆ ದಂಡ.
• 20 ಕೆ.ಜಿ. ಮೀರಿದರೆ ವಾಣಿಜ್ಯ ಪ್ರಮಾಣ: ಕನಿಷ್ಠ 10 ವರ್ಷ, ಗರಿಷ್ಠ 20 ವರ್ಷ ಸಜೆ, 1ರಿಂದ 2 ಲಕ್ಷ ದಂಡ.

ಬೇರೆ ವಸ್ತುಗಳಿಗೆ ಬೇರೆ ತೂಕ. ಹೆರಾಯಿನ್‌ಗೆ 250 ಗ್ರಾಂ ಮೀರಿದರೆ ವಾಣಿಜ್ಯ ಪ್ರಮಾಣ. ಎಂಡಿಎಂಎ ಎಂಬ ಗುಳಿಗೆಗೆ 10 ಗ್ರಾಂ ಮೀರಿದರೆ ಸಾಕು.

ಇನ್ನೆರಡು ಸಂಗತಿಗಳಿವೆ. ಒಂದು, ವಾಣಿಜ್ಯ ಪ್ರಮಾಣದ ಕೇಸಿನಲ್ಲಿ 37ನೇ ಕಲಂ ಪ್ರಕಾರ ಜಾಮೀನು ಬಹಳ ಕಷ್ಟ. ಆರೋಪಿ ತಪ್ಪಿತಸ್ಥನಲ್ಲ ಎಂದು ನಂಬಲು ಕಾರಣವಿದೆ, ಹೊರಗೆ ಬಂದರೆ ಮತ್ತೆ ಅಪರಾಧ ಮಾಡಲಾರ ಎಂದು ನ್ಯಾಯಾಲಯಕ್ಕೆ ಮನವರಿಕೆ ಆಗಬೇಕು. ಎರಡು, ವಸ್ತು ಆರೋಪಿಯ ವಶದಲ್ಲಿತ್ತು ಎಂದು ಸಾಬೀತಾದರೆ, "ನನಗೆ ಗೊತ್ತಿರಲಿಲ್ಲ" ಎಂಬುದನ್ನು ಅವನೇ ತೋರಿಸಿಕೊಡಬೇಕು. 35 ಮತ್ತು 54ನೇ ಕಲಂಗಳು ಹೀಗೆ ಹೇಳುತ್ತವೆ. ಬೇರೆ ಕೇಸುಗಳಲ್ಲಿ ಈ ಭಾರ ಸರ್ಕಾರದ ಮೇಲಿರುತ್ತದೆ.

2008ರಲ್ಲಿ ಸುಪ್ರೀಂ ಕೋರ್ಟ್ ಈ ಎರಡು ಕಲಂಗಳನ್ನು ಎತ್ತಿಹಿಡಿಯಿತು. ಜೊತೆಗೆ, ವಸ್ತು ಅವನಲ್ಲೇ ಸಿಕ್ಕಿತು, ಅದೇ ವಸ್ತು ಪರೀಕ್ಷೆಗೆ ಹೋಯಿತು ಎಂಬುದನ್ನು ಮೊದಲು ಸರ್ಕಾರ ಸಂಶಯಕ್ಕೆ ಎಡೆಯಿಲ್ಲದಂತೆ ತೋರಿಸಬೇಕು ಅಂತ ಸ್ಪಷ್ಟಪಡಿಸಿತು. ಕಾನೂನು ಕಠಿಣವಾದಷ್ಟೂ ನಿಯಮ ಪಾಲನೆಯನ್ನು ಬಿಗಿಯಾಗಿ ನೋಡಬೇಕು ಎಂಬುದೇ ಇದರ ತಿರುಳು.

ಶೋಧನೆ ಮಾಡುವಾಗ

1. ಮೈ ತಪಾಸಣೆ. ಮೊದಲೇ ಸಂಶಯಪಟ್ಟು ಒಬ್ಬರ ಮೈ ತಪಾಸಣೆ ಮಾಡುವ ಮೊದಲು, "ಹತ್ತಿರದ ಪತ್ರಾಂಕಿತ ಅಧಿಕಾರಿ ಅಥವಾ ಮ್ಯಾಜಿಸ್ಟ್ರೇಟರ ಮುಂದೆ ತಪಾಸಣೆ ಮಾಡಿಸಿಕೊಳ್ಳುವ ಹಕ್ಕು ನಿಮಗಿದೆ" ಎಂದು ತಿಳಿಸಲೇಬೇಕು. ಇದು 50ನೇ ಕಲಂ. 1999ರಲ್ಲಿ ಪಂಜಾಬಿನ ಕೇಸಿನಲ್ಲಿ, ಮತ್ತೆ 2010ರಲ್ಲಿ ಗುಜರಾತಿನ ಕೇಸಿನಲ್ಲಿ ಸುಪ್ರೀಂ ಕೋರ್ಟಿನ ಐದು ನ್ಯಾಯಮೂರ್ತಿಗಳ ಪೀಠಗಳು ಇದನ್ನು ವಿಚಾರಿಸಿದವು. ಈ ಹಕ್ಕನ್ನು ಕಡ್ಡಾಯವಾಗಿ ತಿಳಿಸಬೇಕು, ಕಾಟಾಚಾರಕ್ಕೆ ಹೇಳಿದರೆ ಸಾಲದು ಅಂತ 2010ರ ತೀರ್ಪು ಹೇಳಿತು. 2014ರಲ್ಲಿ ರಾಜಸ್ಥಾನದ ಕೇಸಿನಲ್ಲಿ ಇಬ್ಬರನ್ನು ಒಟ್ಟಿಗೆ ನಿಲ್ಲಿಸಿ ಒಂದೇ ಪತ್ರದಲ್ಲಿ ಕೇಳಿದ್ದನ್ನು ನ್ಯಾಯಾಲಯ ಒಪ್ಪಲಿಲ್ಲ. ಪ್ರತಿಯೊಬ್ಬರಿಗೂ ಬೇರೆಬೇರೆಯಾಗಿ ತಿಳಿಸಬೇಕು.

ಇಲ್ಲಿ ಒಂದು ಎಚ್ಚರಿಕೆ. ಈ 50ನೇ ಕಲಂ ಮೈ ತಪಾಸಣೆಗೆ ಮಾತ್ರ. ಕೈಚೀಲ, ಬೈಕು, ಮನೆ ಇವುಗಳಲ್ಲಿ ಸಿಕ್ಕಿದ್ದಕ್ಕೆ ಇದು ಅನ್ವಯಿಸುವುದಿಲ್ಲ. 2023ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಮತ್ತೊಮ್ಮೆ ಖಚಿತಪಡಿಸಿದೆ.

2. ಹೆಂಗಸರ ತಪಾಸಣೆ. ಹೆಂಗಸನ್ನು ಹೆಂಗಸೇ ತಪಾಸಣೆ ಮಾಡಬೇಕು. ಇದಕ್ಕೆ ವಿನಾಯಿತಿ ಇಲ್ಲ. ಮಹಿಳಾ ಪೊಲೀಸರು ಬರುವವರೆಗೆ ಕಾಯುತ್ತೇವೆ ಅಂತ ಶಾಂತವಾಗಿ ಹೇಳಿ.

3. ಮನೆ ಶೋಧನೆ. ವಾರಂಟ್ ಇಲ್ಲದೆ ಮನೆಗೆ ನುಗ್ಗುವ ಅಧಿಕಾರಿ ತನಗೆ ಸಿಕ್ಕ ಸುಳಿವನ್ನು ಬರೆದಿಡಬೇಕು, 72 ಗಂಟೆಯೊಳಗೆ ಮೇಲಧಿಕಾರಿಗೆ ಕಳಿಸಬೇಕು. ಸೂರ್ಯಾಸ್ತದ ನಂತರ ಬಂದರೆ, ವಾರಂಟಿಗೆ ಕಾದರೆ ಆರೋಪಿ ಅಥವಾ ಸಾಕ್ಷ್ಯ ಕೈತಪ್ಪಿ ಹೋಗುತ್ತದೆ ಎಂಬ ಕಾರಣವನ್ನೂ ಬರೆಯಬೇಕು. ಇದು 42ನೇ ಕಲಂ. ಬಸ್‌ಸ್ಟ್ಯಾಂಡು, ರಸ್ತೆಯಂಥ ಸಾರ್ವಜನಿಕ ಜಾಗಕ್ಕೆ 43ನೇ ಕಲಂ ಇದೆ, ಅಲ್ಲಿ ಈ ಬರಹದ ನಿಯಮವಿಲ್ಲ.

4. ವಿಡಿಯೊ. 2024ರ ಜುಲೈ 1ರಿಂದ ಹೊಸ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಜಾರಿಯಲ್ಲಿದೆ. ಅದರ 105ನೇ ಕಲಂ ಪ್ರಕಾರ ಶೋಧನೆ, ಜಪ್ತಿ, ಪಟ್ಟಿ ಮಾಡುವುದು, ಸಾಕ್ಷಿಗಳ ಸಹಿ, ಎಲ್ಲವನ್ನೂ ವಿಡಿಯೊ ಮಾಡಬೇಕು. ಮೊಬೈಲಿನಲ್ಲಾದರೂ ಆದೀತು. ಮನೆಯಿಂದ ತೆಗೆದುಕೊಂಡು ಹೋದ ವಸ್ತುಗಳ ಪಟ್ಟಿಯ ಪ್ರತಿಯನ್ನು ಮನೆಯವರು ಕೇಳಿ ಪಡೆಯಬೇಕು.

ಬಂಧನ ಮಾಡುವಾಗ

ಬಂಧನದ ಕಾರಣವನ್ನು ತಿಳಿಸಬೇಕು. ಅದು ಬರಹದಲ್ಲಿ, ಬಂಧಿತನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಅಂತ 2025ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ. ತಕ್ಷಣ ಬರೆದುಕೊಡಲು ಆಗದಿದ್ದರೆ, ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸುವ ಕನಿಷ್ಠ ಎರಡು ಗಂಟೆ ಮೊದಲಾದರೂ ಕೊಡಬೇಕು. ಮನೆಯವರಿಗೆ ಅಥವಾ ಬಂಧಿತ ಹೇಳಿದವರಿಗೆ ಸುದ್ದಿ ಮುಟ್ಟಿಸಬೇಕು. ಪ್ರಯಾಣದ ಸಮಯ ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಹೆಂಗಸನ್ನು ಸೂರ್ಯಾಸ್ತದಿಂದ ಸೂರ್ಯೋದಯದವರೆಗೆ ಬಂಧಿಸುವಂತಿಲ್ಲ. ಅನಿವಾರ್ಯವಾದರೆ ಮ್ಯಾಜಿಸ್ಟ್ರೇಟರ ಅನುಮತಿ ಪಡೆದು ಮಹಿಳಾ ಅಧಿಕಾರಿಯೇ ಮಾಡಬೇಕು.

ಹುಡುಗನಿಗೆ 18 ತುಂಬಿಲ್ಲವಾದರೆ ಕೂಡಲೇ ಶಾಲೆಯ ಸರ್ಟಿಫಿಕೇಟು ಅಥವಾ ಜನನ ಪ್ರಮಾಣಪತ್ರ ತೆಗೆದುಕೊಂಡು ಹೋಗಿ. ಅವನನ್ನು ಲಾಕಪ್ಪಿನಲ್ಲಿ ಇಡುವಂತಿಲ್ಲ. ಅವನ ವಿಷಯ ಬಾಲನ್ಯಾಯ ಮಂಡಳಿಗೆ ಹೋಗಬೇಕು.

ಅಧಿಕಾರಿಯ ಮುಂದೆ ಕೊಟ್ಟ ಹೇಳಿಕೆ. "ತಪ್ಪಾಯಿತು ಅಂತ ಸಹಿ ಹಾಕಿದ್ದಾನೆ, ಇನ್ನೇನೂ ಮಾಡೋ ಹಾಗಿಲ್ಲ" ಅಂತ ಕೈಚೆಲ್ಲಬೇಡಿ. ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯನ್ನು ಸಾಕ್ಷ್ಯವಾಗಿ ಬಳಸುವಂತಿಲ್ಲ. ಈ ಕಾಯ್ದೆಯ 67ನೇ ಕಲಂ ಕೆಳಗೆ ಮಾದಕ ವಸ್ತು ನಿಯಂತ್ರಣ ಅಧಿಕಾರಿಗಳು ಬರೆಸಿಕೊಂಡ ತಪ್ಪೊಪ್ಪಿಗೆಗೂ ಇದೇ ಮಾತು ಅಂತ ತಮಿಳುನಾಡಿನ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2020ರ ಅಕ್ಟೋಬರ್ 29ರಂದು ತೀರ್ಮಾನಿಸಿತು.

ತೂಕ, ಸೀಲು, ಸ್ಯಾಂಪಲ್

ಇಡೀ ಕೇಸು ತೂಕದ ಮೇಲೆ ನಿಂತಿರುವುದರಿಂದ ಇಲ್ಲಿ ಹೆಚ್ಚು ಗಮನ ಬೇಕು.

ಕಾಯ್ದೆಯಲ್ಲಿ ಗಾಂಜಾ ಎಂದರೆ ಗಿಡದ ಹೂವಿನ ಅಥವಾ ಕಾಯಿಯ ತುದಿಗಳು. ತುದಿಗಳು ಜೊತೆಗಿಲ್ಲದಿದ್ದರೆ ಬರೀ ಬೀಜ, ಬರೀ ಎಲೆ ಗಾಂಜಾ ಆಗುವುದಿಲ್ಲ. ಹೊಲದಲ್ಲಿ ಮೆಕ್ಕೆಜೋಳದ ನಡುವೆ ಗಿಡ ಸಿಕ್ಕಿತು, ಬೇರು ಮಣ್ಣು ಕಾಂಡ ಸಮೇತ ಹಸಿ ಗಿಡವನ್ನೇ ತೂಗಿ 22 ಕೆ.ಜಿ. ಅಂತ ಬರೆದರು ಎಂದುಕೊಳ್ಳಿ. ಆಗ ನಿಜವಾದ ಗಾಂಜಾದ ತೂಕ ಎಷ್ಟು ಎಂಬ ಪ್ರಶ್ನೆಯನ್ನು ವಕೀಲರು ಎತ್ತಬೇಕು. 20 ಕೆ.ಜಿ.ಯ ಗೆರೆಯ ಆ ಕಡೆ ಈ ಕಡೆ ಎಂಬುದರ ಮೇಲೆ ಒಬ್ಬನ ಹತ್ತು ವರ್ಷ ನಿಂತಿರುತ್ತದೆ. (ಗಿಡ ಬೆಳೆಸುವುದೇ ಬೇರೆ ಅಪರಾಧ. ಅದಕ್ಕೂ 10 ವರ್ಷದವರೆಗೆ ಸಜೆ ಇದೆ.)

ವಶಪಡಿಸಿಕೊಂಡ ವಸ್ತುವಿನ ಪಟ್ಟಿ ಮಾಡಿ, ಮ್ಯಾಜಿಸ್ಟ್ರೇಟರ ಸಮ್ಮುಖದಲ್ಲಿ ಸ್ಯಾಂಪಲ್ ತೆಗೆದು, ಅವರಿಂದ ದೃಢೀಕರಣ ಪಡೆಯಬೇಕು. ಇದು 52ಎ ಕಲಂ. 2022ರ ಡಿಸೆಂಬರಿನಲ್ಲಿ ಬಂದ ನಿಯಮಗಳ ಪ್ರಕಾರ ಗಾಂಜಾದಿಂದ 24 ಗ್ರಾಂ ಸ್ಯಾಂಪಲನ್ನು ಎರಡು ಪ್ರತಿಯಾಗಿ ತೆಗೆಯಬೇಕು. ಸೀಲು ಯಾರು ಹಾಕಿದರು, ಠಾಣೆಯಲ್ಲಿ ಯಾರ ವಶದಲ್ಲಿತ್ತು, ಪ್ರಯೋಗಾಲಯಕ್ಕೆ ಯಾವ ದಿನ ಹೋಯಿತು, ಅಲ್ಲಿ ಸೀಲು ಸರಿಯಾಗಿತ್ತೇ ಎಂಬುದಕ್ಕೆಲ್ಲ ದಾಖಲೆ ಇರಬೇಕು. ಹಾಲಿನ ಡೇರಿಯಲ್ಲಿ ನಮ್ಮ ಕ್ಯಾನಿನ ಸ್ಯಾಂಪಲಿಗೆ ಬೇರೆಯವರ ನಂಬರು ಬಿದ್ದರೆ ನಾವು ಸುಮ್ಮನಿರುತ್ತೇವಾ? ಇದೂ ಹಾಗೇ.

ನಿಯಮ ತಪ್ಪಿದರೆ ಬಿಡುಗಡೆ ಖಂಡಿತವೇ?

ಇಲ್ಲ. ಇದನ್ನು ಮುಚ್ಚಿಡದೆ ಹೇಳಬೇಕು. ಯಾಕಂದ್ರೆ "ಒಂದು ಪಾಯಿಂಟ್ ಇದೆ, ಮಗ ನಾಳೆಯೇ ಹೊರಗೆ" ಅಂತ ಆಸೆ ಹುಟ್ಟಿಸಿ ಹಣ ಕೀಳುವವರಿದ್ದಾರೆ.

ಮೈ ತಪಾಸಣೆಯಲ್ಲಿ ಮಾತ್ರ ವಸ್ತು ಸಿಕ್ಕಿ, ಹಕ್ಕನ್ನು ತಿಳಿಸಿಯೇ ಇಲ್ಲವಾದರೆ ಆ ಜಪ್ತಿಯ ಮೇಲೆ ಶಿಕ್ಷೆ ಕೊಡಲಾಗದು. ಆದರೆ ಎಲ್ಲ ನಿಯಮಗಳಿಗೂ ಈ ಬಲ ಇಲ್ಲ. 2025ರ ಜನವರಿಯಲ್ಲಿ ಛತ್ತೀಸ್‌ಗಢದ ಗಾಂಜಾ ಕೇಸಿನಲ್ಲಿ ಸುಪ್ರೀಂ ಕೋರ್ಟ್ 52ಎ ಕಲಂ ಬಗ್ಗೆ ವಿವರವಾಗಿ ಹೇಳಿತು. ಆ ಕಲಂ ಪಾಲನೆಯಲ್ಲಿ ಲೋಪವಾದ ಮಾತ್ರಕ್ಕೆ ಕೇಸು ಬಿದ್ದುಹೋಗುವುದಿಲ್ಲ. ಉಳಿದ ಸಾಕ್ಷ್ಯ ನಂಬುವಂತಿದ್ದರೆ ಶಿಕ್ಷೆ ನಿಲ್ಲಬಹುದು. ಲೋಪ ಆಗಿದೆ ಎಂಬುದಕ್ಕೆ ಬೇಕಾದ ಮೂಲ ಸಂಗತಿಗಳನ್ನು ಮೊದಲು ಆರೋಪಿಯ ಕಡೆಯವರೇ ತೋರಿಸಬೇಕು. ಆಮೇಲೆ ಉತ್ತರ ಕೊಡುವ ಭಾರ ಸರ್ಕಾರದ್ದು.

ಸಹೋದರಿಯರೇ, ಈ ಪಾಠದ ಮುಖ್ಯ ಮಾತು ಇದೇ: ಕಾನೂನು ರಕ್ಷಣೆ ಕೊಟ್ಟಿದೆ, ಆದರೆ ಬರೆದಿಡದ, ಕೇಳದ ರಕ್ಷಣೆ ಸಮಯಕ್ಕೆ ಒದಗುವುದಿಲ್ಲ. ಎಷ್ಟು ಗಂಟೆಗೆ ಬಂದರು, ಎಷ್ಟು ಜನ, ಮಹಿಳಾ ಪೊಲೀಸರು ಇದ್ದರೇ, ಎಲ್ಲಿ ತೂಗಿದರು, ಯಾರು ಸಹಿ ಹಾಕಿದರು, ಯಾವ ಕಾಗದ ಕೊಟ್ಟರು, ಎಷ್ಟು ಗಂಟೆಗೆ ಕೋರ್ಟಿಗೆ ಕರೆದೊಯ್ದರು? ಇದನ್ನು ಅದೇ ದಿನ ಒಂದು ನೋಟುಬುಕ್ಕಿನಲ್ಲಿ ತಾರೀಕು ಹಾಕಿ ಬರೆಯಿರಿ. ಬರೆಯಲು ಬಾರದವರಿಗೆ ಸಂಘದ ಪುಸ್ತಕ ಬರೆಯುವ ಸದಸ್ಯೆ ಸಹಾಯ ಮಾಡಲಿ. ಕಂಡದ್ದನ್ನು ಮಾತ್ರ ಬರೆಯಿರಿ, ಸೇರಿಸಬೇಡಿ. ಆ ಪುಸ್ತಕವನ್ನು ವಕೀಲರಿಗೆ ತೋರಿಸಿ.

ಜಾಮೀನಿಗೆ ದಿನ ಎಣಿಸಬೇಕು

ಪೊಲೀಸರು ನಿಗದಿತ ದಿನಗಳೊಳಗೆ ದೋಷಾರೋಪ ಪಟ್ಟಿ, ಅಂದರೆ ಚಾರ್ಜ್‌ಶೀಟ್ ಸಲ್ಲಿಸದಿದ್ದರೆ ಆರೋಪಿಗೆ ಜಾಮೀನು ಕೇಳುವ ಹಕ್ಕು ಬರುತ್ತದೆ. ವಾಣಿಜ್ಯ ಪ್ರಮಾಣದ ಕೇಸಿನಲ್ಲಿ ಈ ಗಡುವು 180 ದಿನ. ಸರ್ಕಾರಿ ವಕೀಲರು ಕಾರಣ ಕೊಟ್ಟು ವರದಿ ಸಲ್ಲಿಸಿದರೆ ನ್ಯಾಯಾಲಯ ಒಂದು ವರ್ಷದವರೆಗೆ ವಿಸ್ತರಿಸಬಹುದು. ಕಡಿಮೆ ಪ್ರಮಾಣದ ಕೇಸುಗಳಿಗೆ ಗಡುವು ಇದಕ್ಕಿಂತ ಕಡಿಮೆ. ಅದು ಎಷ್ಟು ದಿನ ಅಂತ ವಕೀಲರನ್ನು ಮೊದಲ ದಿನವೇ ಕೇಳಿಕೊಳ್ಳಿ. ಗಡುವು ಮುಗಿದ ಮೇಲೆ, ಚಾರ್ಜ್‌ಶೀಟ್ ಬರುವ ಮೊದಲೇ ಅರ್ಜಿ ಹಾಕಬೇಕು. ಒಂದು ದಿನ ತಡವಾಗಿ ಅಷ್ಟರಲ್ಲಿ ಚಾರ್ಜ್‌ಶೀಟ್ ಬಂದರೂ ಆ ಹಕ್ಕು ಹೋಯಿತು. ಆದ್ದರಿಂದ ಮೊದಲ ರಿಮಾಂಡಿನ ತಾರೀಕನ್ನು ಕ್ಯಾಲೆಂಡರಿನಲ್ಲಿ ಗುರುತು ಹಾಕಿ.

ವಿಚಾರಣೆ ವರ್ಷಗಟ್ಟಲೆ ಎಳೆದರೆ 37ನೇ ಕಲಂ ಇದ್ದರೂ ಜಾಮೀನು ಕೊಡಬಹುದು ಅಂತ ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದೆ. ಆ ಕೇಸಿನಲ್ಲಿ ಆರೋಪಿ ಏಳು ವರ್ಷಕ್ಕೂ ಮೇಲೆ ಜೈಲಿನಲ್ಲಿದ್ದ.

ವಾಹನ ಹೋದರೆ. ಸಾಲ ಮಾಡಿ ಕೊಂಡ ಆಟೋದಲ್ಲಿ ಯಾರೋ ಪ್ರಯಾಣಿಕ ಗಾಂಜಾ ಸಾಗಿಸಿದ, ಆಟೋ ಜಪ್ತಿಯಾಯಿತು, ಕಂತು ನಿಂತಿತು. ಇಂಥಲ್ಲಿ ತನಗೆ ಗೊತ್ತಿಲ್ಲದೆ ವಾಹನ ಬಳಕೆಯಾಯಿತು ಎಂದು ಮಾಲೀಕರು ತೋರಿಸಿದರೆ ಮುಟ್ಟುಗೋಲು ಆಗುವುದಿಲ್ಲ. ಕೇಸು ಮುಗಿಯುವ ಮೊದಲೇ ಷರತ್ತಿನ ಮೇಲೆ ವಾಹನ ಬಿಡಿಸಿಕೊಳ್ಳಲು ಅರ್ಜಿ ಹಾಕಬಹುದು. 2025ರ ಜನವರಿಯಲ್ಲಿ ಅಸ್ಸಾಮಿನ ಒಂದು ಲಾರಿಯ ವಿಷಯದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ಅವಕಾಶ ಕೊಟ್ಟಿದೆ.

ಶಿಕ್ಷೆಯಾದ ಮೇಲೆ ಅಪೀಲು

"ಶಿಕ್ಷೆ ಆಯ್ತು, ಇನ್ನು ದೇವರೇ ಗತಿ" ಅಂತ ಕುಳಿತುಬಿಡುವವರು ಬಹಳ. ಅಪೀಲು ಅಂದರೆ ಮೇಲಿನ ನ್ಯಾಯಾಲಯದಲ್ಲಿ ದಯೆ ಬೇಡುವುದಲ್ಲ, ಅದು ಹಕ್ಕು.

• ವಿಶೇಷ ನ್ಯಾಯಾಲಯ ಶಿಕ್ಷೆ ಕೊಟ್ಟರೆ ಹೈಕೋರ್ಟಿಗೆ ಅಪೀಲು. ನಮ್ಮ ರಾಜ್ಯದಲ್ಲಿ ಬೆಂಗಳೂರಿನ ಪ್ರಧಾನ ಪೀಠವಲ್ಲದೆ ಧಾರವಾಡ, ಕಲಬುರಗಿ ಪೀಠಗಳೂ ಇವೆ.
• ವಾಯಿದೆ 60 ದಿನ. ತೀರ್ಪಿನ ಪ್ರತಿ ಪಡೆಯಲು ಹಿಡಿದ ದಿನಗಳನ್ನು ಬಿಟ್ಟು ಲೆಕ್ಕ ಹಾಕುತ್ತಾರೆ. ತಡವಾದರೆ ಸರಿಯಾದ ಕಾರಣ ಕೊಟ್ಟು ವಿಳಂಬ ಮನ್ನಿಸಲು ಕೇಳಬಹುದು.
• ಶಿಕ್ಷೆಯಾದವರಿಗೆ ತೀರ್ಪಿನ ಪ್ರತಿ ಉಚಿತ. ಅದಕ್ಕೆ ಯಾರೂ ಹಣ ಕೇಳುವಂತಿಲ್ಲ.
• ಜೈಲಿನಲ್ಲಿರುವವರು ಜೈಲಿನ ಅಧಿಕಾರಿಯ ಮೂಲಕವೇ ಅಪೀಲು ಸಲ್ಲಿಸಬಹುದು. ಅಧಿಕಾರಿ ಅದನ್ನು ನ್ಯಾಯಾಲಯಕ್ಕೆ ಕಳಿಸಲೇಬೇಕು.
• ಅಪೀಲಿನ ಜೊತೆಗೆ ಶಿಕ್ಷೆಯನ್ನು ಅಮಾನತಿನಲ್ಲಿಟ್ಟು ಜಾಮೀನು ಕೊಡುವಂತೆಯೂ ಕೇಳಬಹುದು. ವಾಣಿಜ್ಯ ಪ್ರಮಾಣದಲ್ಲಿ ಇದೂ ಕಷ್ಟವೇ.
• ಹೈಕೋರ್ಟಿನಲ್ಲೂ ಆಗದಿದ್ದರೆ ಸುಪ್ರೀಂ ಕೋರ್ಟಿನ ವಿಶೇಷ ಅನುಮತಿ ಕೇಳಬಹುದು. ಸಾಮಾನ್ಯವಾಗಿ ವಾಯಿದೆ 90 ದಿನ.

ಅಪೀಲಿನಲ್ಲಿ ಹೈಕೋರ್ಟ್ ಇಡೀ ಸಾಕ್ಷ್ಯವನ್ನು ಮತ್ತೆ ಪರಿಶೀಲಿಸುತ್ತದೆ. ಆದರೆ ಸಾಮಾನ್ಯವಾಗಿ ಹೊಸ ಸಾಕ್ಷಿಗಳನ್ನು ಕರೆಯುವುದಿಲ್ಲ. ಕೆಳಗಿನ ನ್ಯಾಯಾಲಯದ ಕಾಗದದಲ್ಲಿ ಏನಿದೆಯೋ ಅದನ್ನೇ ಓದುತ್ತಾರೆ. ಪಾಟೀ ಸವಾಲಿನಲ್ಲಿ "ಸೀಲು ಯಾರ ಹತ್ತಿರ ಇತ್ತು?" ಎಂಬ ಪ್ರಶ್ನೆ ಕೇಳಿದ್ದರೆ ಅದು ಅಪೀಲಿನಲ್ಲಿ ಕೆಲಸಕ್ಕೆ ಬರುತ್ತದೆ. ನಿಮ್ಮ ನೋಟುಬುಕ್ಕು ವಕೀಲರ ಕೈಗೆ ಮೊದಲೇ ತಲುಪಬೇಕು ಎನ್ನುವುದು ಇದಕ್ಕೇ.

ವಕೀಲರ ಫೀಸು, ಸಂಘದ ಹಣ

1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಂ ಪ್ರಕಾರ ಬಂಧನದಲ್ಲಿರುವವರಿಗೆ, ಹೆಂಗಸರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ ಉಚಿತ ವಕೀಲರ ಸಹಾಯ ಇದೆ. ಇವರ ಆದಾಯ ನೋಡುವುದಿಲ್ಲ. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ, ತಾಲ್ಲೂಕಿನಲ್ಲಿ ಸಮಿತಿ ಇದೆ. ಹೈಕೋರ್ಟಿನ ಅಪೀಲಿಗೂ ಪ್ರತ್ಯೇಕ ಸಮಿತಿ ಇದೆ. ಫೋನ್ ಮಾಡಲು 15100.

"ಸಾಹೇಬರಿಗೆ ಹೇಳಿ ಬಿಡಿಸ್ತೇನೆ" ಅನ್ನುವ ಮಧ್ಯವರ್ತಿಗೆ ಸಂಘದ ಸಾಲದ ಒಂದು ರೂಪಾಯಿಯನ್ನೂ ಕೊಡಬೇಡಿ. ಸ್ವಂತ ವಕೀಲರನ್ನು ಇಟ್ಟುಕೊಂಡರೆ ಕೊಟ್ಟ ಹಣಕ್ಕೆ ರಶೀದಿ ಕೇಳಿ, ಪ್ರತಿ ಹಿಯರಿಂಗಿನ ತಾರೀಕು ಬರೆದುಕೊಳ್ಳಿ.

ನಿಮ್ಮನ್ನೇ ಪಂಚರಾಗಿ ಕರೆದರೆ

ಮಹಜರಿಗೆ ಸಾಕ್ಷಿಯಾಗಲು ಊರಿನವರನ್ನು ಕರೆಯುತ್ತಾರೆ. ಸರಿಯಾದ ಕಾರಣವಿಲ್ಲದೆ ನಿರಾಕರಿಸುವಂತಿಲ್ಲ. ಹೋಗಿ, ಕಣ್ಣಾರೆ ನೋಡಿ, ಬರೆದದ್ದನ್ನು ಓದಿಸಿ ಕೇಳಿ, ಆಮೇಲೆ ಸಹಿ ಹಾಕಿ. ಖಾಲಿ ಹಾಳೆಗೆ ಸಹಿ ಬೇಡ. ನೋಡದ್ದಕ್ಕೆ ಸಹಿಯೂ ಬೇಡ. ನಿಮ್ಮ ಒಂದು ಸಹಿ ತಪ್ಪಿತಸ್ಥನನ್ನು ಬಿಡಿಸಬಹುದು, ನಿರಪರಾಧಿಯನ್ನು ಹತ್ತು ವರ್ಷ ಒಳಗೆ ಹಾಕಲೂಬಹುದು.

ಚಟಕ್ಕೆ ಬಿದ್ದವನಿಗೆ

ಸೇದುವವನಿಗೂ ಸಣ್ಣ ಪ್ರಮಾಣದಲ್ಲಿ ಸಿಕ್ಕಿಬಿದ್ದವನಿಗೂ ಕಾಯ್ದೆ ಒಂದು ಬಾಗಿಲು ತೆರೆದಿಟ್ಟಿದೆ. ವ್ಯಸನಿಯು ತಾನಾಗಿ ಸರ್ಕಾರ ನಡೆಸುವ ಅಥವಾ ಮಾನ್ಯ ಮಾಡಿದ ಕೇಂದ್ರದಲ್ಲಿ ಚಿಕಿತ್ಸೆಗೆ ಒಪ್ಪಿ, ಅದನ್ನು ಪೂರ್ತಿ ಮಾಡಿದರೆ 64ಎ ಕಲಂ ಪ್ರಕಾರ ವಿಚಾರಣೆಯಿಂದ ರಕ್ಷಣೆ ಸಿಗಬಹುದು. ಚಿಕಿತ್ಸೆ ಅರ್ಧಕ್ಕೆ ಬಿಟ್ಟರೆ ಆ ರಕ್ಷಣೆ ಹೋಗಬಹುದು. ಚಟ ಬಿಡಿಸುವ ಸಲಹೆಗೆ ಸರ್ಕಾರದ ಉಚಿತ ಸಹಾಯವಾಣಿ 14446.

ಸೆರೆಯಲ್ಲಿರುವವರನ್ನು ನೋಡಲು ಹೋಗುವುದು ಕರುಣೆಯ ಕೆಲಸ ಅಂತ ನಮ್ಮ ಹಿರಿಯರು ಕಲಿಸಿದ್ದಾರೆ. ಯಾವ ಧರ್ಮದ ಸದಸ್ಯೆಯಾದರೂ ಸರಿ, ಅಂಥ ಮನೆಯವಳನ್ನು ಸಂಘದಿಂದ ದೂರ ಇಡಬೇಡಿ. ಆ ವಾರ ಅವಳ ಉಳಿತಾಯ ಬರದಿದ್ದರೆ ಜಗಳ ಮಾಡುವ ಬದಲು ಇಬ್ಬರು ಅವಳ ಜೊತೆ ಕಾನೂನು ಸೇವಾ ಕಚೇರಿಗೆ ಹೋಗಿಬನ್ನಿ.

ಸಭೆಯಲ್ಲಿ ಚರ್ಚಿಸಿ

1. ನಮ್ಮ ತಾಲ್ಲೂಕಿನ ಕಾನೂನು ಸೇವಾ ಸಮಿತಿ ಎಲ್ಲಿದೆ? ಯಾರು ಹೋಗಿ ನೋಡಿ ಬರುತ್ತೀರಿ?
2. ಮೈ ತಪಾಸಣೆಗೂ ಚೀಲದ ತಪಾಸಣೆಗೂ ಕಾನೂನಿನಲ್ಲಿ ಏನು ವ್ಯತ್ಯಾಸ?
3. ಪಂಚರಾಗಿ ಕರೆದಾಗ ಓದದೆ ಸಹಿ ಹಾಕಿದರೆ ಯಾರಿಗೆ ಏನಾಗಬಹುದು?
4. ಶಿಕ್ಷೆಯಾದ ದಿನದಿಂದ 60 ದಿನ ಎಂಬ ಲೆಕ್ಕವನ್ನು ಮನೆಯಲ್ಲಿ ಯಾರು ಇಡಬೇಕು?

ಮುಂದಿನ ಸಭೆಯೊಳಗೆ ಸಂಘದ ಪುಸ್ತಕದ ಒಳಹೊದಿಕೆಯ ಮೇಲೆ 15100 ಮತ್ತು 14446 ಈ ಎರಡು ನಂಬರುಗಳನ್ನು ದೊಡ್ಡದಾಗಿ ಬರೆದಿಡಿ.